ಚಲನ್‌ನ ಮೇಲೆ ಬರೆಸಿಕೊಂಡ ಒಂದು ಸಾಲು

ದಾವಣಗೆರೆಯಲ್ಲಿ ಮಂಡಕ್ಕಿ ಭಟ್ಟಿ ನಡೆಸುವ ನನ್ನ ಹಳೆಯ ವಿದ್ಯಾರ್ಥಿಯೊಬ್ಬನ ಬ್ಯಾಂಕ್ ಸಾಲಕ್ಕೆ ನಾನು ಜಾಮೀನು ಹಾಕಿದ್ದೆ. "ಮೇಷ್ಟ್ರೇ, ನಿಮ್ಮ ಮನೆಗೆ ನೋಟಿಸ್ ಬರೋ ಹಂಗೆ ಮಾಡಲ್ಲ" ಎಂದಿದ್ದ. ಎರಡು ವರ್ಷ ಕಂತು ತಪ್ಪಿಸಲಿಲ್ಲ. ಆಮೇಲೆ ಅವನ ಮನೆಯಲ್ಲಿ ಕಾಯಿಲೆ ಬಂತು, ಕಂತು ನಿಂತಿತು, ನೋಟಿಸ್ ಇಬ್ಬರ ಮನೆಗೂ ಬಂತು.

ಮೊದಲು ಅವನನ್ನು ಹಿಡಿಯಬೇಕಲ್ಲವೇ ಎಂದು ವಾದಿಸಿ ನೋಡಿದೆ. ಕರಾರಿನಲ್ಲಿ ಬೇರೆ ಷರತ್ತು ಇಲ್ಲದಿದ್ದರೆ ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನ ಹೊಣೆಯೂ ಅಷ್ಟೇ ಎಂದು 1872ರ ಭಾರತೀಯ ಕರಾರು ಕಾಯ್ದೆಯ 128ನೇ ಕಲಂ ಹೇಳುವುದರಿಂದ ಆ ವಾದ ನಿಲ್ಲಲಿಲ್ಲ. ಒಟ್ಟು ಬಾಕಿ 2,40,000 ರೂಪಾಯಿ. ದಂಡಬಡ್ಡಿ ಬಿಟ್ಟು 2,15,000ಕ್ಕೆ ಚುಕ್ತಾ ಮಾಡಿಕೊಳ್ಳಲು ಬ್ಯಾಂಕಿನವರು ಒಪ್ಪಿದರು. ನಿವೃತ್ತಿಯಾದಾಗ ಬಂದ ಹಣದ ಠೇವಣಿಯನ್ನು ಅವಧಿಗೆ ಮುಂಚೆಯೇ ಮುರಿಸಿದೆ.

ಹಿಂದಿನ ಸಂಜೆ ಪರಿಚಯದ ವಕೀಲರೊಬ್ಬರು ಹೇಳಿದ ಮಾತು ಇಲ್ಲದಿದ್ದರೆ ಅಂದು ನಾನು ಹಣ ಕಟ್ಟಿ ಸುಮ್ಮನೆ ಮನೆಗೆ ಬರುತ್ತಿದ್ದೆ. ಕೌಂಟರಿನಲ್ಲಿದ್ದ ಹುಡುಗಿ ಚಲನ್‌ನಲ್ಲಿ ಸಾಲದ ಖಾತೆ ಸಂಖ್ಯೆಯನ್ನೂ ಸಾಲಗಾರನ ಹೆಸರನ್ನೂ ತುಂಬಿ ನನ್ನ ಸಹಿಗೆ ಕೊಟ್ಟಳು. ಅದರಲ್ಲಿ ನನ್ನ ಹೆಸರು ಎಲ್ಲಿಯೂ ಇರಲಿಲ್ಲ. ಹಾಗೆಯೇ ಕಟ್ಟಿದ್ದರೆ ಹಣ ಅವನೇ ಕಟ್ಟಿದಂತೆ ಕಾಣುತ್ತಿತ್ತು. "ಜಾಮೀನುದಾರನಾಗಿ ಪಾವತಿಸಿದ್ದು" ಎಂಬ ಸಾಲನ್ನು ಬರೆಯಿಸಿ, ಮೊಹರು ಹಾಕಿಸಿಕೊಂಡು, ಅದೇ ಅರ್ಥದ ಪತ್ರವೊಂದನ್ನು ವ್ಯವಸ್ಥಾಪಕರಿಂದ ಕೇಳಿ ಪಡೆಯುವ ಹೊತ್ತಿಗೆ ಮಧ್ಯಾಹ್ನವಾಯಿತು.

ಇನ್ನೊಂದು ಮಾತಿಗೂ ನಾನು ಪಟ್ಟು ಹಿಡಿಯಬೇಕಾಯಿತು. ಸಾಲಕ್ಕೆ ಭದ್ರತೆಯಾಗಿದ್ದ ಭಟ್ಟಿಯ ಯಂತ್ರದ ಕಾಗದಗಳನ್ನು ಸಾಲ ತೀರಿತೆಂದು ಸಾಲಗಾರನಿಗೆ ಮರಳಿಸುವುದು ಅಲ್ಲಿನ ರೂಢಿ. ಆದರೆ ಬಾಕಿಯನ್ನು ಜಾಮೀನುದಾರ ತೀರಿಸಿದಾಗ ಸಾಲ ಕೊಟ್ಟವರಿಗಿದ್ದ ಹಕ್ಕುಗಳೆಲ್ಲ ಅವನಿಗೆ ಬರುತ್ತವೆ, ಜಾಮೀನಿನ ಕರಾರಾದಾಗ ಇದ್ದ ಭದ್ರತೆಯ ಪ್ರಯೋಜನವೂ ಅವನಿಗೆ ಸಲ್ಲುತ್ತದೆ ಎಂದು 140 ಮತ್ತು 141ನೇ ಕಲಮುಗಳಿವೆ. ಅದನ್ನು ಲಿಖಿತ ಅರ್ಜಿಯಲ್ಲಿ ಕಾಣಿಸಿ ಕೊಟ್ಟೆ, ಪ್ರತಿಗೆ ಸ್ವೀಕೃತಿ ಸಹಿ ಪಡೆದೆ. ಅಧಿಕಾರಿಗಳಿಗೆ ಇದು ಹೊಸದೆನಿಸಿತು. ಆ ಬಗ್ಗೆ ನನಗೆ ಈಗಲೂ ಬೇಸರವಿದೆ. ಜಾಮೀನುದಾರನ ಹೊಣೆಯನ್ನು ಸಾಲುಸಾಲಾಗಿ ಓದಿ ಹೇಳುವ ಕಚೇರಿಯಲ್ಲಿ ಅವನ ಹಕ್ಕನ್ನು ಒಬ್ಬರಾದರೂ ಹೇಳಬೇಕು.

ಸಂಜೆ ಭಟ್ಟಿಗೆ ಹೋದೆ. ಕಾದ ಮರಳಿಗೆ ಬಿದ್ದ ಅಕ್ಕಿ ಕಣ್ಣೆದುರೇ ಅರಳಿ ಜರಡಿಗೆ ಬೀಳುತ್ತಿತ್ತು. ಅವನು ಕೈ ಒರೆಸಿಕೊಂಡು ಬಂದವನೇ "ನೀವು ತೀರಿಸಿದ್ದು ನನ್ನ ಪುಣ್ಯ" ಎಂದು ಕಾಲಿಗೆ ಬಗ್ಗಿದ. ಪುಣ್ಯದ ಮಾತು ಬೇಡ, ಇದು ನಾನು ಕೊಟ್ಟ ದಾನವಲ್ಲ ಎಂದು ಹೇಳುವುದು ಸುಲಭವಾಗಿರಲಿಲ್ಲ, ಆದರೂ ಹೇಳಿದೆ. ಜಾಮೀನುದಾರ ನ್ಯಾಯವಾಗಿ ಕಟ್ಟಿದ ಹಣವನ್ನು ಸಾಲಗಾರ ತುಂಬಿಕೊಡಬೇಕೆಂಬ ಮಾತು ಕರಾರಿನಲ್ಲಿ ಬರೆಯದಿದ್ದರೂ ಅದರೊಳಗೆ ಇದ್ದೇ ಇರುತ್ತದೆ ಎನ್ನುತ್ತದೆ 145ನೇ ಕಲಂ. ಹಾಗೆಂದು 2,40,000 ಕೇಳುವ ಹಕ್ಕು ನನಗಿಲ್ಲ. ನನ್ನ ಕೈಯಿಂದ ಹೋದದ್ದು 2,15,000, ನಾನು ಕೇಳಬಹುದಾದ ಅಸಲೂ ಅಷ್ಟೇ. ದಾವೆ ಹೂಡುವುದಿದ್ದರೆ ನಾನು ಹಣ ಕಟ್ಟಿದ ದಿನದಿಂದ ಮೂರು ವರ್ಷದೊಳಗೆ ಹೂಡಬೇಕು ಎಂಬುದನ್ನೂ ಮುಚ್ಚಿಡದೆ ತಿಳಿಸಿದೆ.

ಅವನು ಸ್ವಲ್ಪ ಹೊತ್ತು ಮಾತಾಡಲಿಲ್ಲ. ತಿಂಗಳಿಗೆ ಐದು ಸಾವಿರ ಕೊಡಬಲ್ಲೆ ಎಂದ. ನಾನು ತಂದಿದ್ದ ಹಾಳೆಯ ಮೇಲೆ, ಮೇಷ್ಟ್ರು ತನ್ನ ಪರವಾಗಿ ಕಟ್ಟಿದ ಹಣ ಇಷ್ಟು, ಅದನ್ನು ತಾನು ಕೊಡಬೇಕಾಗಿದೆ ಎಂದು ತಾರೀಖು ಸಮೇತ ತನ್ನದೇ ಅಕ್ಷರದಲ್ಲಿ ಬರೆದು ಸಹಿ ಮಾಡಿದ. ಗಡುವಿನೊಳಗೆ ಕೊಟ್ಟ ಇಂಥ ಲಿಖಿತ ಒಪ್ಪಿಗೆಯಿಂದ ಮೂರು ವರ್ಷದ ಲೆಕ್ಕ ಅದರ ತಾರೀಖಿನಿಂದ ಹೊಸದಾಗಿ ಶುರುವಾಗುತ್ತದೆ ಎಂದು ವಕೀಲರು ಹೇಳಿದ್ದರು.

ಮುಂದಿನ ತಿಂಗಳ ಮೊದಲ ವಾರ ಅವನು ಮನೆಗೆ ಬಂದು ಐದು ಸಾವಿರ ಎಣಿಸಿಟ್ಟ. ರಸೀದಿ ಬರೆದು ಒಂದನ್ನು ಅವನ ಕೈಗೆ ಕೊಟ್ಟೆ, ಇನ್ನೊಂದನ್ನು ಆ ಚಲನ್‌ನ ಜೊತೆ ಪಿನ್ ಮಾಡಿಟ್ಟೆ.