ಇತಿಹಾಸದ ಮೇಷ್ಟ್ರು ಮತ್ತು ವಾಂಗ್ ಫೇ ಹುಂಗ್

ನಮ್ಮ ಇತಿಹಾಸದ ಮೇಷ್ಟ್ರು ಹೋಗಿಬಿಟ್ಟರಂತೆ. ಅವರು ಕಲಿಸಿದ ಪಾಣಿಪತ್ ಯುದ್ಧಗಳೆಲ್ಲ ನನಗೆ ಮರೆತುಹೋಗಿವೆ, ಚೀನಾದ ಕುಂಗ್‌ಫು ಗುರು ವಾಂಗ್ ಫೇ ಹುಂಗ್ ಮಾತ್ರ ಮರೆತಿಲ್ಲ.

ಆಗ ನಮಗೆ ಶಂಕರ್‌ನಾಗ್ ಬಿಟ್ಟರೆ ಬ್ರೂಸ್ ಲೀ, ಅಷ್ಟೇ. 'ಎಂಟರ್ ದ ಡ್ರ್ಯಾಗನ್' ನೋಡಿಬಂದು ಡೆಸ್ಕ್ ಮೇಲೆ ಹಾರಾಡುತ್ತಿದ್ದಾಗ ಮೇಷ್ಟ್ರು ಒಳಗೆ ಬಂದರು. ಬೈಯಲಿಲ್ಲ. "ಕೈಗೆ ಕಬ್ಬಿಣದ ಉಗುರು ಹಾಕ್ಕೊಂಡು ಬರ್ತಾನಲ್ಲ ಆ ಮುದುಕ, ಅವನು ಯಾರು ಗೊತ್ತೇನ್ರೋ?" ಅಂದರು. ಅವನು ಷೆಕ್ ಕಿನ್. ವಾಂಗ್ ಫೇ ಹುಂಗ್ ಕಥೆಯ ಚಿತ್ರಸರಣಿಯಲ್ಲಿ ವರ್ಷಗಟ್ಟಲೆ ಒದೆ ತಿಂದ ಖಳನಾಯಕ! ಆ ದಿನ ಪಾಠ ನಡೆಯಲೇ ಇಲ್ಲ. 1949ರಲ್ಲಿ ಹಾಂಗ್‌ಕಾಂಗ್‌ನಲ್ಲಿ ನಿರ್ದೇಶಕ ವು ಪಾಂಗ್ ತೆಗೆದ ಆ ಸರಣಿಯ ಮೊದಲ ಚಿತ್ರ, ಅದರ ನಾಯಕ ಕ್ಯಾಂಟನೀಸ್ ರಂಗಭೂಮಿಯ ನಟ ಕ್ವಾನ್ ತಕ್ ಹಿಂಗ್, ಅವನು ಚಾಟಿ ಬೀಸಿ ಮೇಣದಬತ್ತಿ ಆರಿಸೋದು, ಎಲ್ಲ ಹೇಳಿದರು.

ಸುಮ್ನೆ ಕೂರ್ತೀವಾ? ರಾತ್ರಿ ಹಾಸ್ಟೆಲ್‌ನಲ್ಲಿ ಕರೆಂಟ್ ಹೋದದ್ದೇ ತಡ, ಬಾವಿಹಗ್ಗ ಬಂತು. ಬತ್ತಿ ಹಿಡಿಯೋಕೆ ಧೈರ್ಯ ಬೇಕಿತ್ತು, ಹಿಡಿದವನು ನಾನೇ. ಗೆಳೆಯ ಬೀಸಿದ ಹಗ್ಗ ನನ್ನ ಮಣಿಕಟ್ಟಿಗೆ ಬಿತ್ತು, ಬತ್ತಿ ಹಾರಿ ಸೊಳ್ಳೆಪರದೆಯ ಅಂಚು ಸುಟ್ಟಿತು. ಮರುದಿನ ಮೇಷ್ಟ್ರು ಬಾಸುಂಡೆ ನೋಡಿ, "ವಾಂಗ್ ಮೂಳೆ ಕಟ್ಟೋ ವೈದ್ಯನೂ ಹೌದು ಕಣ್ರೋ. ಪೆಟ್ಟು ಕೊಟ್ಟವನೇ ಎಣ್ಣೆ ಹಚ್ಚಬೇಕು" ಅಂದರು. ಬಾವು ಇಳಿಯುವವರೆಗೂ ಅವನ ಕೈಯಿಂದಲೇ ಹಚ್ಚಿಸಿದರು.

ಆಮೇಲೆ ಆ ಸರಣಿಯನ್ನು ಹುಡುಕಿ ನೋಡಿದವನು ನಮ್ಮ ಬ್ಯಾಚ್‌ನಲ್ಲಿ ನಾನೊಬ್ಬನೇ. ಅದಕ್ಕೂ ಮುಂಚಿನ ಚಿತ್ರಗಳಲ್ಲಿ ಕತ್ತಿವೀರರು ಗಾಳಿಯಲ್ಲಿ ಹಾರುತ್ತಿದ್ದರು, ಅಂಗೈಯಿಂದ ಕಿರಣ ಬಿಡುತ್ತಿದ್ದರು. ಇಲ್ಲಿ ಮಾತ್ರ ಕಾಲು ನೆಲದ ಮೇಲಿದೆ, ಯಾಕಂದರೆ ನಿಜವಾದ ಪಟ್ಟು ತೋರಿಸಬೇಕು ಅನ್ನೋದೇ ವು ಪಾಂಗ್ ಹಠ. ವಾಂಗ್‌ನ ಶಿಷ್ಯ ಲಾಮ್ ಸೈ ವಿಂಗ್ ಪಾತ್ರಕ್ಕೆ, ನಿಜಜೀವನದಲ್ಲಿ ಆ ಲಾಮ್‌ನ ಶಿಷ್ಯನೇ ಆಗಿದ್ದ ಲಾವ್ ಚಾಮ್‌ನನ್ನು ಕರೆತಂದಿದ್ದರು! ಶಿಷ್ಯರು ಬೀದಿಜಗಳಕ್ಕೆ ಹೋದರೆ ಕ್ವಾನ್ ಹುಬ್ಬು ಗಂಟಿಕ್ಕಿ ಗದರುತ್ತಾನೆ. ನನಗೆ ಅಲ್ಲಿ ಕಂಡದ್ದು ನಮ್ಮ ಮೇಷ್ಟ್ರೇ.

ಈಗಿನ ಮಕ್ಕಳು "ಸಾರ್, ಇದು ಪರೀಕ್ಷೆಗೆ ಬರುತ್ತಾ?" ಅಂತಾರೆ. ಅವರ ತಪ್ಪಲ್ಲ ಬಿಡಿ, ಬೆಳಗ್ಗೆಯಿಂದ ರಾತ್ರಿವರೆಗೆ ಟೆಸ್ಟ್ ಇದ್ದರೆ ಕಥೆ ಕೇಳೋಕೆ ಪುರುಸೊತ್ತೆಲ್ಲಿ? ಈ ಸಲದ ಹಳೆಯ ವಿದ್ಯಾರ್ಥಿಗಳ ಸಭೆಯಲ್ಲಿ ಭಾಷಣ ಕಮ್ಮಿ ಮಾಡಿ, ಮೇಷ್ಟ್ರ ಹೆಸರಲ್ಲಿ ಆ ಸರಣಿಯ ಒಂದು ಚಿತ್ರ ಹಾಕೋಣ. ಪ್ರೊಜೆಕ್ಟರ್, ಪರದೆ ನನ್ನದು. ಹಗ್ಗ ಬೀಸಿದ ಗೆಳೆಯನೂ ಬರ್ತೀನಿ ಅಂದಿದ್ದಾನೆ.