ನೋಟ್‌ಪ್ಯಾಡಿನಲ್ಲಿ ಜಪಾನಿ ಬರುತ್ತದೆ, ಪಕ್ಕದ ಪ್ರೋಗ್ರಾಮಿನಲ್ಲಿ ಯಾಕಿಲ್ಲ?

ನೋಟ್‌ಪ್ಯಾಡಿನಲ್ಲಿ ಜಪಾನಿ ಭಾಷೆ ಸರಾಗವಾಗಿ ಮೂಡುತ್ತದೆ. ಅದೇ ಕಂಪ್ಯೂಟರಿನ ಯಾವುದೋ ಹಳೆಯ ಪ್ರೋಗ್ರಾಮಿನಲ್ಲಿ ಎಷ್ಟು ಕುಟ್ಟಿದರೂ ಬರೀ ರೋಮನ್ ಅಕ್ಷರ. ಐಎಂಇ (ಇನ್‌ಪುಟ್ ಮೆಥಡ್ ಎಡಿಟರ್, ಅಂದರೆ ಒತ್ತಿದ ಕೀಲಿಗಳನ್ನು ಜಪಾನಿ ಅಕ್ಷರಗಳಾಗಿ ಬದಲಿಸುವ ತಂತ್ರಾಂಶ) ಕೆಟ್ಟಿದೆ ಎಂದುಕೊಂಡು ಅದನ್ನು ಅಳಿಸಿ ಮತ್ತೆ ಹಾಕುವವರೇ ಹೆಚ್ಚು. ಹೆಚ್ಚಿನ ಸಲ ಐಎಂಇ ಗಟ್ಟಿಯಾಗಿಯೇ ಇರುತ್ತದೆ. ಅದರ ಲೈಬ್ರರಿ ಫೈಲು ಆ ಒಂದು ಪ್ರೋಗ್ರಾಮಿನ ಒಳಗೆ ಹೊಕ್ಕಿರುವುದಿಲ್ಲ.

ಐಎಂಇ ಎಂದರೆ ಎಲ್ಲೋ ಪಕ್ಕದಲ್ಲಿ ಕೂತು ಅಕ್ಷರ ಕಳಿಸುವ ಒಂದೇ ತಂತ್ರಾಂಶವಲ್ಲ. ವಿಂಡೋಸಿನಲ್ಲಿ ಅದೊಂದು ಡಿಎಲ್‌ಎಲ್, ಅಂದರೆ ಬೇರೆ ಪ್ರೋಗ್ರಾಮುಗಳು ತಮ್ಮೊಳಗೆ ಕರೆದುಕೊಳ್ಳುವ ಲೈಬ್ರರಿ ಫೈಲು. ಟೈಪ್ ಮಾಡುವ ಪ್ರತಿಯೊಂದು ಪ್ರೋಗ್ರಾಮಿನ ಪ್ರೊಸೆಸ್ (ಓಡುತ್ತಿರುವ ಪ್ರತಿ) ಒಳಗೂ ಅದು ಬೇರೆ ಬೇರೆಯಾಗಿ ಲೋಡ್ ಆಗಬೇಕು. ಹತ್ತು ಪ್ರೋಗ್ರಾಮು ತೆರೆದಿದ್ದರೆ ಹತ್ತು ಕಡೆ.

ಕನ್ನಡದ ಇನ್‌ಸ್ಕ್ರಿಪ್ಟ್ ಕೀಲಿಮಣೆ ವಿನ್ಯಾಸಕ್ಕೆ ಇಷ್ಟೆಲ್ಲ ಬೇಕಿಲ್ಲ. ಅದರ ಕೆಬಿಡಿಐಎನ್‌ಕೆಎಎನ್ ಎಂಬ ಡಿಎಲ್‌ಎಲ್ ಒಳಗಿರುವುದು ಯಾವ ಕೀಲಿಗೆ ಯಾವ ಅಕ್ಷರ ಎಂಬ ಕೋಷ್ಟಕ ಮಾತ್ರ. ಕೆ ಒತ್ತಿದರೆ ಕ, ಕಥೆ ಮುಗಿಯಿತು. ಜಪಾನಿಯಲ್ಲಿ ಹಾಗಲ್ಲ. 'ನಿಹೊನ್' ಎಂದು ರೋಮನ್ ಕೀಲಿಗಳಲ್ಲಿ ಒತ್ತಿದರೆ ಮೊದಲು ಅಡಿಗೆರೆಯ ಹಿರಗಾನ (ಉಚ್ಚಾರಣೆ ಬರೆಯುವ ಲಿಪಿ) ಅಕ್ಷರಗಳು ಕಾಣುತ್ತವೆ. ಸ್ಪೇಸ್ ಒತ್ತಿದರೆ ಅವು ಎರಡು ಕಾಂಜಿಗಳಾಗುತ್ತವೆ (ಚೀನೀ ಮೂಲದ ಅಕ್ಷರಗಳು), ಇನ್ನೊಮ್ಮೆ ಒತ್ತಿದರೆ ಆಯ್ಕೆಯ ಪಟ್ಟಿ ತೆರೆಯುತ್ತದೆ, ಎಂಟರ್ ಒತ್ತಿದ ಮೇಲಷ್ಟೇ ಪಠ್ಯ ಪಕ್ಕಾ ಆಗುತ್ತದೆ. ಅಲ್ಲಿಯವರೆಗೆ ಕರ್ಸರ್ ಪರದೆಯ ಮೇಲೆ ಎಲ್ಲಿದೆ ಎಂದು ಪ್ರೋಗ್ರಾಮು ಐಎಂಇಗೆ ಹೇಳುತ್ತಲೇ ಇರಬೇಕು. ಆಯ್ಕೆಯ ಪಟ್ಟಿ ಕರ್ಸರ್ ಬಿಟ್ಟು ಪರದೆಯ ಮೂಲೆಯಲ್ಲಿ ತೆರೆದುಕೊಂಡರೆ ಈ ಮಾಹಿತಿ ತಲುಪಿಲ್ಲ ಎಂದರ್ಥ, ತಪ್ಪು ಪ್ರೋಗ್ರಾಮಿನದು.

ಈ ಮಾತುಕತೆಗೆ ಎರಡು ದಾರಿಗಳಿವೆ. ಹಳೆಯದು ಐಎಂಎಂ32, ವಿಂಡೋಸ್ 95ರ ಕಾಲದ್ದು. ಹೊಸದು ಎಂಎಸ್‌ಸಿಟಿಎಫ್, ಅಂದರೆ ಟೆಕ್ಸ್ಟ್ ಸರ್ವಿಸಸ್ ಫ್ರೇಮ್‌ವರ್ಕ್. ಹಳೆಯ ಪ್ರೋಗ್ರಾಮು ಮೊದಲನೆಯದನ್ನು ಕರೆದರೂ ಹೊಸ ಐಎಂಇ ಕೆಲಸ ಮಾಡುವಂತೆ ನಡುವೆ ಒಂದು ಸೇತುವೆ ಇದೆ. ಆ ಸೇತುವೆ ಕೆಲವೊಮ್ಮೆ ಅಲುಗುತ್ತದೆ. ವಿಂಡೋಸ್ 10ರ 2004 ಆವೃತ್ತಿಯಲ್ಲಿ ಜಪಾನಿ ಐಎಂಇ ಹೊಸದಾಗಿ ಬಂದಾಗ, ಹಿಂದಿನ ಆವೃತ್ತಿಯನ್ನೇ ಬಳಸುವ ಸ್ವಿಚ್ಚನ್ನೂ ಅದರ ಸೆಟ್ಟಿಂಗ್ಸ್‌ನ ಜನರಲ್ ಪುಟದಲ್ಲಿ ಇಟ್ಟರು. ಹಳೆಯ ಪ್ರೋಗ್ರಾಮು ಒಂದೇ ತೊಂದರೆ ಕೊಡುತ್ತಿದ್ದರೆ ಮೊದಲು ಅದನ್ನು ಆನ್ ಮಾಡಿ ನೋಡಿ.

ಅದರಿಂದ ಸರಿಹೋಗದಿದ್ದರೆ ಬಿಟ್ ಲೆಕ್ಕ ನೋಡಬೇಕು. 32 ಬಿಟ್ ಪ್ರೋಗ್ರಾಮಿನೊಳಗೆ 64 ಬಿಟ್ ಡಿಎಲ್‌ಎಲ್ ಲೋಡ್ ಆಗುವುದೇ ಇಲ್ಲ. ಹಾಗಾಗಿ 64 ಬಿಟ್ ವಿಂಡೋಸಿನಲ್ಲಿ ಪ್ರತಿ ಐಎಂಇಗೂ ಎರಡು ಡಿಎಲ್‌ಎಲ್ ಬೇಕು, ಎರಡೂ ನೋಂದಣಿಯಾಗಿರಬೇಕು. ಬೇರೆಯವರ ಐಎಂಇ ಹಾಕಿಕೊಂಡಾಗ ಬಹುಪಾಲು ಇಲ್ಲಿಯೇ ಎಡವಟ್ಟು. ಟಾಸ್ಕ್ ಮ್ಯಾನೇಜರಿನ ಡೀಟೇಲ್ಸ್ ಪುಟದಲ್ಲಿ ಶೀರ್ಷಿಕೆಯ ಮೇಲೆ ಬಲ ಕ್ಲಿಕ್ ಮಾಡಿ ಪ್ಲಾಟ್‌ಫಾರ್ಮ್ ಕಾಲಂ ಸೇರಿಸಿಕೊಂಡರೆ ಯಾವುದು ಎಷ್ಟು ಬಿಟ್ ಎಂದು ಕಾಣುತ್ತದೆ. ಟೈಪ್ ಆಗದವೆಲ್ಲ 32 ಬಿಟ್‌ನವೇ ಆಗಿದ್ದರೆ ಐಎಂಇಯ 32 ಬಿಟ್ ಭಾಗ ಸರಿಯಾಗಿ ಕೂತಿಲ್ಲ. ಫೋಲ್ಡರ್ ಹೆಸರುಗಳು ಮಾತ್ರ ತಲೆಕೆಳಗು: ಸಿಸ್ಟಂ32 ಒಳಗಿರುವುದು 64 ಬಿಟ್ ಫೈಲುಗಳು, ಸಿಸ್‌ವೌ64 ಒಳಗಿರುವುದು 32 ಬಿಟ್‌ನವು. ಈ ಹೆಸರಿಟ್ಟವರಿಗೆ ಏನು ಹೇಳೋಣ!

ಲೋಡ್ ಆಗಿದೆಯೋ ಇಲ್ಲವೋ ಎಂದು ಕಣ್ಣಾರೆ ನೋಡಲು ಕಮಾಂಡ್ ಪ್ರಾಂಪ್ಟಿನಲ್ಲಿ ಟಾಸ್ಕ್‌ಲಿಸ್ಟ್ ಆದೇಶಕ್ಕೆ /ಎಂ ಸ್ವಿಚ್ಚನ್ನೂ ಡಿಎಲ್‌ಎಲ್‌ನ ಪೂರ್ತಿ ಹೆಸರನ್ನೂ ಕೊಡಿ. ಅದನ್ನು ಲೋಡ್ ಮಾಡಿಕೊಂಡಿರುವ ಪ್ರೊಸೆಸ್‌ಗಳ ಪಟ್ಟಿ ಬರುತ್ತದೆ. 32 ಬಿಟ್ ಪ್ರೊಸೆಸ್ ಈ ಪಟ್ಟಿಯಲ್ಲಿ ಕಾಣದಿದ್ದರೆ ಗಾಬರಿ ಬೇಡ: ಮಾಮೂಲಿ ಟಾಸ್ಕ್‌ಲಿಸ್ಟಿಗೆ ಅದರೊಳಗಿನ 32 ಬಿಟ್ ಡಿಎಲ್‌ಎಲ್‌ಗಳು ಕಾಣುವುದಿಲ್ಲ. ಸಿಸ್‌ವೌ64 ಫೋಲ್ಡರಿನಲ್ಲಿರುವ ಟಾಸ್ಕ್‌ಲಿಸ್ಟನ್ನೇ ಓಡಿಸಬೇಕು.

ಯಾವ ಪ್ರೋಗ್ರಾಮಿನಲ್ಲೂ ಬರುತ್ತಿಲ್ಲವಾದರೆ ಸಿಟಿಎಫ್‌ಮಾನ್ (ಟೆಕ್ಸ್ಟ್ ಸರ್ವಿಸಸ್ ಫ್ರೇಮ್‌ವರ್ಕ್‌ನ ಹಿನ್ನೆಲೆ ಪ್ರೋಗ್ರಾಮು) ಓಡುತ್ತಿದೆಯೇ ನೋಡಿ. ಇಲ್ಲದಿದ್ದರೆ ಟಾಸ್ಕ್ ಶೆಡ್ಯೂಲರಿನ ಟೆಕ್ಸ್ಟ್‌ಸರ್ವಿಸಸ್‌ಫ್ರೇಮ್‌ವರ್ಕ್ ಫೋಲ್ಡರಿನಲ್ಲಿ ಎಂಎಸ್‌ಸಿಟಿಎಫ್‌ಮಾನಿಟರ್ ಎಂಬ ಕೆಲಸವನ್ನು ಯಾರೋ ನಿಲ್ಲಿಸಿರಬಹುದು. ಕಂಪ್ಯೂಟರ್ ವೇಗ ಹೆಚ್ಚಿಸುತ್ತೇವೆ ಎನ್ನುವ ಸಲಕರಣೆಗಳಿಗೆ ಇದೊಂದು ಚಟ.

'ಐಎಂಎಂ32 ಡಿಎಲ್‌ಎಲ್ ಸಿಗುತ್ತಿಲ್ಲ' ಎಂಬ ಸಂದೇಶ ಬಂದರೆ ದಯವಿಟ್ಟು ಆ ಫೈಲನ್ನು ಅಂತರ್ಜಾಲದಿಂದ ಇಳಿಸಿಕೊಳ್ಳಬೇಡಿ. ಪ್ರೋಗ್ರಾಮಿನ ಫೋಲ್ಡರಿನಲ್ಲಿ ಹಾಕಿದರೆ ವಿಂಡೋಸ್ ಅದನ್ನು ಓದುವುದೇ ಇಲ್ಲ. ಐಎಂಎಂ32 'ನೋನ್‌ಡಿಎಲ್‌ಎಲ್ಸ್' ಪಟ್ಟಿಯಲ್ಲಿರುವ ಫೈಲು, ಸಿಸ್ಟಂ ಫೋಲ್ಡರಿನಿಂದಲೇ ಬರುತ್ತದೆ. ಮಾಲೀಕತ್ವ ಬದಲಿಸಿ ಸಿಸ್ಟಂ ಫೋಲ್ಡರಿಗೇ ತುರುಕಿದರೆ, ಬಿಟ್ ತಾಳೆಯಾಗದೆ 0ಎಕ್ಸ್‌ಸಿ000007ಬಿ ದೋಷ ಬಂದು ಕಂಡಕಂಡ ಪ್ರೋಗ್ರಾಮುಗಳೆಲ್ಲ ನಿಲ್ಲಬಹುದು. ಅದಕ್ಕಿಂತ ದೊಡ್ಡ ಅಪಾಯವೂ ಉಂಟು: ಕಿಟಕಿ ತೆರೆಯುವ ಪ್ರೋಗ್ರಾಮುಗಳೆಲ್ಲ ಲೋಡ್ ಮಾಡಿಕೊಳ್ಳುವ ಫೈಲು ಎಂಬ ಕಾರಣಕ್ಕೇ ಪಾಸ್‌ವರ್ಡ್ ಕದಿಯುವ ಟ್ರೋಜನ್‌ಗಳು ಇದನ್ನು ತಿದ್ದಿದ ಉದಾಹರಣೆಗಳಿವೆ. ಅಸಲಿ ಪ್ರತಿ ನಿಮ್ಮ ವಿಂಡೋಸಿನಲ್ಲೇ ಇದೆ. ಅಡ್ಮಿನ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು, ಮೊದಲು ಡಿಐಎಸ್‌ಎಂ ಆದೇಶವನ್ನು ಆನ್‌ಲೈನ್, ಕ್ಲೀನಪ್-ಇಮೇಜ್, ರಿಸ್ಟೋರ್‌ಹೆಲ್ತ್ ಸ್ವಿಚ್ಚುಗಳೊಂದಿಗೆ, ಆಮೇಲೆ ಎಸ್‌ಎಫ್‌ಸಿಯನ್ನು ಸ್ಕ್ಯಾನ್‌ನೌ ಸ್ವಿಚ್ಚಿನೊಂದಿಗೆ ಓಡಿಸಿ. ಇದೇ ಕ್ರಮ ಇರಲಿ: ಎಸ್‌ಎಫ್‌ಸಿ ತಂದು ಹಾಕುವ ಪ್ರತಿಗಳ ಉಗ್ರಾಣವನ್ನು ರಿಪೇರಿ ಮಾಡುವುದು ಡಿಐಎಸ್‌ಎಂ.

ಲಿನಕ್ಸಿನಲ್ಲೂ ಕಾಯಿಲೆ ಅದೇ, ಹೆಸರು ಬೇರೆ. ಅಲ್ಲಿ ಪ್ರೋಗ್ರಾಮುಗಳ ಕಿಟಕಿ, ಗುಂಡಿ ಕಟ್ಟುವ ಲೈಬ್ರರಿಗಳಾದ ಜಿಟಿಕೆ ಮತ್ತು ಕ್ಯೂಟಿ ಎರಡಕ್ಕೂ ತಮ್ಮ ತಮ್ಮ ಐಬಸ್ ಅಥವಾ ಎಫ್‌ಸಿಐಟಿಎಕ್ಸ್ (ಲಿನಕ್ಸಿನ ಐಎಂಇ ವ್ಯವಸ್ಥೆಗಳು) ಪ್ಲಗಿನ್ ಬೇಕು. ಆ್ಯಪ್‌ಇಮೇಜ್ ರೂಪದಲ್ಲಿ ಬರುವ ಪ್ರೋಗ್ರಾಮು ತನ್ನದೇ ಕ್ಯೂಟಿಯನ್ನು ಕಟ್ಟಿಕೊಂಡು ಬಂದಿರುತ್ತದೆ; ಅದರ ಜೊತೆ ಎಫ್‌ಸಿಐಟಿಎಕ್ಸ್ ಪ್ಲಗಿನ್ ಇಲ್ಲದಿದ್ದರೆ, ನಿಮ್ಮ ಸಿಸ್ಟಂನಲ್ಲಿ ಅದು ಇದ್ದೂ ಪ್ರಯೋಜನವಿಲ್ಲ. ಪ್ರೊಕ್ ಅಡಿಯಲ್ಲಿ ಆ ಪ್ರೊಸೆಸ್‌ನ ಸಂಖ್ಯೆಯ ಫೋಲ್ಡರಿನಲ್ಲಿರುವ ಮ್ಯಾಪ್ಸ್ ಫೈಲು ತೆರೆದು ಪ್ಲಗಿನ್ ಹೆಸರು ಹುಡುಕಿ. ಹೆಸರು ಸಿಗದಿದ್ದರೆ ಪ್ಲಗಿನ್ ಒಳಗೆ ಹೋಗಿಲ್ಲ. ಜಿಟಿಕೆ 3ರಲ್ಲಿ ಪ್ಲಗಿನ್ ಫೈಲು ಇದ್ದೂ ಲೋಡ್ ಆಗದಿದ್ದರೆ ಇಮ್‌ಮಾಡ್ಯೂಲ್ಸ್ ಕ್ಯಾಶ್ (ಇಂಥ ಪ್ಲಗಿನ್‌ಗಳ ಪಟ್ಟಿ) ಹಳತಾಗಿರಬಹುದು. ಜಿಟಿಕೆ-ಕ್ವೆರಿ-ಇಮ್‌ಮಾಡ್ಯೂಲ್ಸ್-3.0 ಆದೇಶವನ್ನು ಅಪ್‌ಡೇಟ್-ಕ್ಯಾಶ್ ಸ್ವಿಚ್ಚಿನೊಂದಿಗೆ ಓಡಿಸಿ ಅದನ್ನು ಹೊಸದು ಮಾಡಬೇಕು.

ಅಕ್ಷರದ ಬದಲು ಚೌಕ ಕಂಡರೆ ಮೇಲಿನ ಯಾವುದನ್ನೂ ಮುಟ್ಟಬೇಡಿ, ಅದು ಫಾಂಟಿನ ತಾಪತ್ರಯ. 'ಕ್ಷ' ಒತ್ತಿದಾಗ ಒತ್ತಕ್ಷರ ಕೂಡದೆ ಬಿಡಿಬಿಡಿಯಾಗಿ ನಿಂತರೆ ಅದು ಅಕ್ಷರ ಜೋಡಿಸುವ ಎಂಜಿನ್ನಿನದು. ಕೀಲಿಮಣೆಯ ಫೈಲು ಕ, ವಿರಾಮ, ಷ ಎಂಬ ಮೂರು ಸಂಕೇತಗಳನ್ನು ಆಗಲೇ ತಲುಪಿಸಿ ಮುಗಿಸಿದೆ. ಅದನ್ನೇ ನಕಲು ಮಾಡಿ ನೋಟ್‌ಪ್ಯಾಡಿಗೆ ಅಂಟಿಸಿ: ಅಲ್ಲಿ ಸರಿಯಾಗಿ ಕೂಡಿದರೆ ಇನ್‌ಪುಟ್ ಫೈಲುಗಳಲ್ಲಿ ದೋಷವಿಲ್ಲ.