32 ಹುಡುಗ್ರ ಕ್ಲಾಸಿಗೆ 33 ಟೀ-ಶರ್ಟ್

ನಾನು ಇಂಡಿ ತಾಲೂಕಿನ ಒಂದು ಸರ್ಕಾರಿ ಶಾಲಿಯೊಳಗ ಆರನೇತ್ತಾ, ಏಳನೇತ್ತಾಕ್ಕ ಗಣಿತ ಕಲಸ್ತೀನಿ. ಕ್ರೀಡಾಕೂಟದ ಟೈಮಿನ್ಯಾಗ ಪಿಟಿ ಸರ್ ಆರನೇತ್ತಾದ ಎರಡು ಲಿಸ್ಟ್ ಕೊಟ್ರು, ಕಬಡ್ಡಿಗೆ 18 ಮಂದಿ, ಖೋಖೋಕ್ಕ 15 ಮಂದಿ, ಟೀ-ಶರ್ಟ್ ಎಷ್ಟು ಬೇಕು ಬರದು ಕೊಡ್ರಿ ಅಂದ್ರು. ನಾ ಗಡಿಬಿಡಿಯೊಳಗ ಕೂಡಿಸಿ 33 ಅಂತ ಬರದು ಕೊಟ್ಟೆ. ಹೆಡ್ ಮಾಸ್ತರ್ರು ಚೀಟಿ ನೋಡಿ "ಸರ್, ನಿಮ್ಮ ಆರನೇತ್ತಾದಾಗ ಇರೋದ 32 ಹುಡುಗ್ರು ಅಲ್ರಿ?" ಅಂತ ಕೇಳಿದ್ರು.

ವಾಪಸ್ ಕ್ಲಾಸಿಗೆ ಬಂದು ಹೆಸರು ಓದಿದೆ. ಒಬ್ಬಾಕಿ ಎದ್ದು ನಿಂತು "ಸರ್, ನನ್ನ ಹೆಸರು ಎರಡ ಸಲ ಬಂತ್ರಿ" ಅಂದ್ಳು. ಅಂಥವ್ರು 6 ಮಂದಿ ಇದ್ರು. ಅಂದ್ರ ಬೇಕಾಗಿದ್ದು 27 ಟೀ-ಶರ್ಟ್.

ಇದ ಲೆಕ್ಕಾನ ನಾ ವರ್ಷಾ ಬೋರ್ಡಿನ ಮ್ಯಾಲ ಹಾಕ್ತೀನಿ. ಎರಡೂ ಕೂಡಸ್ರಿ, ಎರಡರಾಗೂ ಇದ್ದವ್ರನ್ನ ಒಂದ ಸಲ ಕಳೀರಿ ಅಂತೀನಿ, ಹುಡುಗ್ರು ಬಾಯಿಪಾಠ ಮಾಡಿ ಉತ್ತರ ತಗೀತಾರ, ಆದ್ರ "ಕಬಡ್ಡಿ ಮಾತ್ರ ಆಡೋರು ಎಷ್ಟು ಮಂದಿ" ಅಂತ ತಿರುಗಿಸಿ ಕೇಳಿದ್ರ ಅರ್ಧಾ ಕ್ಲಾಸ್ 18 ಅಂತ ಬರೀತದ. ಯಾಕ ಕಳೀತೀವಿ ಅನ್ನೋದನ್ನ ನಾ ಯಾವತ್ತೂ ತೋರಿಸಿರ್ಲಿಲ್ಲ.

ಮರುದಿನ ಗ್ರೌಂಡಿನ್ಯಾಗ ಸುಣ್ಣದ ಪುಡಿಲೆ ಒಂದಕ್ಕೊಂದು ಸೇರೋಹಂಗ ಎರಡು ದೊಡ್ಡ ರಿಂಗ್ ಹಾಕಿದೆ. ಮೊದಲ ಕಬಡ್ಡಿಯವ್ರು ಒಂದರಾಗ ನಿಂತ್ರು, ಆಮ್ಯಾಲ ಖೋಖೋದವ್ರನ್ನ ಕರದೆ. ಆವಾಗ ಆ 6 ಮಂದಿ ಅಲ್ಲಿಂದ ಇಲ್ಲಿಗೆ ಓಡಿ ಬಂದ್ರು, ಅತ್ತಾಗ 12 ಮಂದಿ ಉಳದ್ರು, ಮತ್ತ "ಅಲ್ಲಿ ಕಡಿಮಿ ಆದ್ವಿ ರೀ" ಅಂತ ತಿರುಗಿ ಓಡಿದ್ರು. ಎರಡು ಮೂರು ಸಲ ಓಡಾಡಿ ತಾವ ನಡುವಿನ ಜಾಗಾ ಹಿಡದ್ರು. ಎಣಿಸಿದ್ವಿ: 12, ನಡುವ 6, ಆ ಕಡಿ 9. ರಿಂಗಿನ ಹೊರಗ ಏನೂ ಆಡದವ್ರು 5. ಎಲ್ಲಾ ಕೂಡಿ 32 ಬಂದಾಗ ನನಗ ಆದ ಖುಷಿ ಹೇಳಕ್ಕಾಗಂಗಿಲ್ಲ. ದೊಡ್ಡ ಕ್ಲಾಸಿನ್ಯಾಗ ಇದನ್ನ ವೆನ್ ಚಿತ್ರ ಅಂತಾರ, ಜಾನ್ ವೆನ್ ಅನ್ನೋರು 1880ರಾಗ ಪ್ರಬಂಧ ಬರದು ಇದನ್ನ ಜಗತ್ತಿಗೆ ಕೊಟ್ರು.

ಅವತ್ತ ಇನ್ನೊಂದು ತಿಳೀತು, ಹುಡುಗ್ರು ಎಡವೋದು ಭಾಷಾದಾಗ. "ಎರಡು" ಬ್ಯಾರೆ, "ಎರಡೂ" ಬ್ಯಾರೆ, ಆ ಒಂದು ದೀರ್ಘದಾಗ ಇಡೀ ಲೆಕ್ಕ ಕೂತಿರ್ತದ, ಅವಸರದಾಗ ಓದೋ ಹುಡುಗ್ಗ ಅದು ಕಾಣಂಗಿಲ್ಲ. ಪುಸ್ತಕದಾಗ "ಮಾತ್ರ" ಅಂತ ಇರ್ತದ, ನಮ್ಮ ಮನಿಯೊಳಗ ಅದನ್ನ "ಅಷ್ಟ" ಅಂತೀವಿ. ಹಂಗಾಗಿ ನಾ ಈಗ "ಕಬಡ್ಡಿ ಅಷ್ಟ ಆಡೋರು" ಅಂತ ಕೇಳ್ತೀನಿ. "ಅಥವಾ" ಅಂತೂ ಭಾಳ ತ್ರಾಸು. ಚಾ ಅಥವಾ ಹಾಲು ಅಂದ್ರ ಮನಿಯೊಳಗ ಎರಡರಾಗ ಒಂದ ಸಿಗೋದು, ಗಣಿತದಾಗ ಎರಡೂ ಕುಡದವನೂ ಅದರಾಗ ಬರ್ತಾನ. ಇದನ್ನ ಬಿಡಿಸಿ ಹೇಳದ ಲೆಕ್ಕ ಕೊಡೋದು ಮಕ್ಕಳಿಗೆ ಮಾಡೋ ಅನ್ಯಾಯ ಅಂತ ನನ್ನ ಅಭಿಪ್ರಾಯ.

ಏಳನೇತ್ತಾದವ್ರಿಗೆ ಇನ್ನೊಂದು ಕೇಳಿದೆ, 32 ಮಂದಿ, 18 ಮತ್ತ 15, ಎರಡೂ ಆಡೋರು ಎಷ್ಟು ಅಂತ ಹೇಳಂಗಿಲ್ಲ, ಕಡಿಮಿ ಅಂದ್ರ ಎಷ್ಟು ಇರಬೇಕು? ಸ್ವಲ್ಪ ಹೊತ್ತಿಗೆ ಒಬ್ಬ "ಒಬ್ಬರರೆ ಇರಬೇಕ್ರಿ, ಇಲ್ಲಂದ್ರ 33 ಆಗ್ತದ" ಅಂದ. ಜಾಸ್ತಿ ಅಂದ್ರ 15, ಖೋಖೋದವ್ರೆಲ್ಲಾ ಕಬಡ್ಡಿನೂ ಆಡಿದ್ರ.

ಹೋದ ವಾರ ಆರನೇತ್ತಾದಾಗ ಹೊಲದ ಲೆಕ್ಕ ಮಾಡಿದ್ವಿ, ನಮ್ಮ ಕಡಿ ನಿಂಬಿ ಮತ್ತ ತೊಗರಿ ಎಲ್ಲಾರಿಗೂ ಗೊತ್ತು. ಅವತ್ತ ಬಂದಿದ್ದು 30 ಹುಡುಗ್ರು. ನಿಂಬಿ 18, ತೊಗರಿ 20, ಎರಡೂ 12, ಎರಡೂ ಇಲ್ಲದವ್ರು 4. ತೊಗರಿ ಅಷ್ಟ ಇದ್ದ ಕಡಿ ನಿಂತಿದ್ದ ಒಬ್ಬ ಹುಡುಗ ಗೆರಿ ಮ್ಯಾಲ ಕಾಲು ಇಟ್ಟು "ಸರ್, ನಮ್ಮ ಬದುವಿಗೆ ಒಂದ ನಿಂಬಿ ಗಿಡ ಅದ ರೀ, ನಾ ಎಲ್ಲಿ ನಿಂದ್ರಲಿ?" ಅಂದ. ಉಳದವ್ರು ವಾದ ಮಾಡಿ, ಒಂದ ಇದ್ರೂ ಅದ ಅಂದಂಗ ಅಂತ ಅವನ್ನ ನಡುವ ಎಳಕೊಂಡ್ರು. ನಿಂಬಿ 19 ಆತು, ನಡುವ 13 ಆತು. ಆಗ ಟೀ-ಶರ್ಟ್ ತಪ್ಪು ಹಿಡದಿದ್ದ ಅದ ಹುಡುಗಿ "ನಿಂಬಿ ಒಂದು ಹೆಚ್ಚಾತು ಖರೆ, ರಿಂಗಿನೊಳಗ ಇರೋರು ಮೊದಲಿನಂಗ 26 ಮಂದೀನ ಅದೀವಲ್ರಿ, ಅಂವಾ ಮೊದಲ ಒಳಗ ಇದ್ದನಲ್ಲ" ಅಂದ್ಳು.